ಮಾತು ತೊರೆದ ಮುಖ: ನಾರ್ವೆಯ ನಟಿ ಲಿವ್ ಉಲ್‌ಮನ್

ಬಾನುಲಿಯನ್ನು ಆಲಿಸುವ ನಮಗೆ ಮುಖವಿಲ್ಲದ ಮಾತಿನ ಪರಿಚಯ ಚೆನ್ನಾಗಿ ಉಂಟು. ನಾಟಕವೊಂದು ಪ್ರಸಾರವಾಗುವಾಗ ಪಾತ್ರಧಾರಿಯ ಕಣ್ಣು, ಹುಬ್ಬು, ವೇಷಭೂಷಣ, ರಂಗಸಜ್ಜಿಕೆ ಯಾವುದೂ ನಮಗೆ ಕಾಣುವುದಿಲ್ಲ. ದನಿಯೊಂದೇ ಬಂದು ಉಳಿದುದೆಲ್ಲವನ್ನೂ ನಮ್ಮ ಮನಸ್ಸಿನಲ್ಲಿ ಕಟ್ಟಿ ನಿಲ್ಲಿಸುತ್ತದೆ. ಇದಕ್ಕೆ ತೀರ ವಿಲೋಮವಾದ ಪ್ರಯೋಗವೊಂದು 1966ರಲ್ಲಿ ಬೆಳ್ಳಿತೆರೆಯ ಮೇಲೆ ನಡೆಯಿತು. ಸ್ವೀಡನ್ ದೇಶದ ನಿರ್ದೇಶಕ ಇಂಗ್ಮಾರ್ ಬರ್ಗ್‌ಮನ್ನರ ‘ಪರ್ಸೋನ’ ಎಂಬ ಚಿತ್ರದಲ್ಲಿ ಮುಖ್ಯವಾಗಿ ಇಬ್ಬರು ಸ್ತ್ರೀಯರು. ಒಬ್ಬಳು ಎಡೆಬಿಡದೆ ಮಾತನಾಡುತ್ತಾಳೆ. ಮತ್ತೊಬ್ಬಳು ಬಾಯಿ ಬಿಡುವುದಿಲ್ಲ. ಚಿತ್ರ ಮುಗಿದ ಮೇಲೆ ಮಾತನಾಡಿದವಳ ಮುಖ ನೆನಪಿನಲ್ಲಿ ಉಳಿಯುವಷ್ಟೇ ಗಾಢವಾಗಿ ಮಾತನಾಡದವಳ ಮುಖವೂ ಉಳಿಯುತ್ತದೆ. ಆ ಮುಖ ನಾರ್ವೆ ದೇಶದ ನಟಿ ಲಿವ್ ಉಲ್‌ಮನ್ನರದು.

‘ಲಿವ್’ ಎಂಬ ಶಬ್ದಕ್ಕೆ ನಾರ್ವೆಯ ಭಾಷೆಯಲ್ಲಿ ‘ಜೀವ’, ‘ಬದುಕು’ ಎಂದರ್ಥ. ಎರಡನೆಯ ಮಹಾಯುದ್ಧದ ತರುವಾಯ ಯೂರೋಪಿನ ಚಲಚ್ಚಿತ್ರಕಲೆ ಯಾವ ಹಾದಿ ಹಿಡಿಯಿತೆಂಬುದನ್ನು ತಿಳಿಯಬಯಸುವವರು ಈ ಒಬ್ಬ ನಟಿಯ ವೃತ್ತಿಜೀವನವನ್ನು ಅನುಸರಿಸಿ ನಡೆದರೆ ಅದರ ಒಂದು ಮುಖ್ಯ ಭಾಗ ತಿಳಿದಂತಾಗುತ್ತದೆ. ಆದರೆ ಈ ಜೀವನದಲ್ಲಿ ಅದಕ್ಕಿಂತಲೂ ದೊಡ್ಡ ಪ್ರಶ್ನೆಯೊಂದು ಅಡಗಿದೆ. ಇನ್ನೊಬ್ಬರು ಬರೆದ ಮಾತನ್ನು, ಕೆಲವೊಮ್ಮೆ ಇನ್ನೊಬ್ಬರು ವಿಧಿಸಿದ ಮೌನವನ್ನು, ಹೊತ್ತು ನಡೆಯುವುದು ನಟಿಯ ಕೆಲಸ. ಹಾಗೆ ಹೊತ್ತವಳಿಗೆ ತನ್ನದೇ ಆದ ಮಾತು ದೊರೆಯುವುದು ಎಂದು? ಹೇಗೆ? ಈ ಪ್ರಶ್ನೆಗೆ ಲಿವ್ ಉಲ್‌ಮನ್ನರ ಬಾಳು ಕೊಟ್ಟಿರುವ ಉತ್ತರವನ್ನು ಪರಿಶೀಲಿಸುವುದೇ ಈ ಲೇಖನದ ಉದ್ದೇಶ.

ಆಕೆ ಜನಿಸಿದುದು 1938ರ ಡಿಸೆಂಬರ್ 16ರಂದು, ಜಪಾನಿನ ಟೋಕಿಯೋ ನಗರದಲ್ಲಿ. ತಂದೆ ವಿಗ್ಗೋ ಉಲ್‌ಮನ್ ವಿಮಾನಗಳಿಗೆ ಸಂಬಂಧಿಸಿದ ಎಂಜಿನಿಯರು. ಉದ್ಯೋಗ ನಿಮಿತ್ತ ಅಲ್ಲಿ ನೆಲಸಿದ್ದವರು. 1940ರ ಏಪ್ರಿಲ್ 9ರಂದು ಜರ್ಮನಿಯ ಸೇನೆ ನಾರ್ವೆಯ ಮೇಲೆ ದಾಳಿಯಿಟ್ಟಿತು. ತಾಯ್ನಾಡಿನ ಬಾಗಿಲು ಮುಚ್ಚಿದಂತಾಯಿತು. ಆಗ ಕೆನಡಾ ದೇಶದ ಟೊರಾಂಟೋ ನಗರದ ಬಳಿ, ಸರೋವರದ ಅಂಚಿನಲ್ಲಿ, ‘ಪುಟ್ಟ ನಾರ್ವೆ’ ಎಂದೇ ಹೆಸರಾದ ಶಿಬಿರವೊಂದು ಎದ್ದಿತು. ನೆಲೆ ತಪ್ಪಿದ ನಾರ್ವೆಯ ವಾಯುಪಡೆ ತನ್ನ ವೈಮಾನಿಕರಿಗೆ ಅಲ್ಲಿ ಶಿಕ್ಷಣ ಕೊಡುತ್ತಿತ್ತು. ಉಲ್‌ಮನ್ ಕುಟುಂಬ ಅಲ್ಲಿಗೆ ಹೋಯಿತು. ಲಿವ್ ಇನ್ನೂ ಸಣ್ಣ ಬಾಲಕಿಯಾಗಿರುವಾಗಲೇ ತಂದೆ ತೀರಿಕೊಂಡರು. ಯಹೂದ್ಯರು ತಪ್ಪಿಸಿಕೊಳ್ಳಲು ನೆರವಾದ ಕಾರಣಕ್ಕೆ ತಮ್ಮ ತಾತನನ್ನು ಜರ್ಮನರು ದಾಖಾವ್ ಬಂದೀಶಿಬಿರಕ್ಕೆ ಒಯ್ದರೆಂದೂ ಅವರು ಅಲ್ಲಿಯೇ ಸತ್ತರೆಂದೂ ಆಕೆ ಹೇಳಿಕೊಂಡಿದ್ದಾರೆ. ಯುದ್ಧ ಮುಗಿದ ಮೇಲೆ ತಾಯಿ ಇಬ್ಬರು ಹೆಣ್ಣುಮಕ್ಕಳೊಡನೆ ನಾರ್ವೆಗೆ ಮರಳಿ ಟ್ರೋಂಡ್‌ಹೈಮ್ ಪಟ್ಟಣದಲ್ಲಿ ಸಂಸಾರ ಹೂಡಿದರು. ಪುಸ್ತಕದ ಅಂಗಡಿಯ ಕೆಲಸದಿಂದ ಜೀವನ ಸಾಗಬೇಕಾಗಿತ್ತು.

ಹೀಗೆ ಬೆಳೆದ ಹುಡುಗಿಗೆ ನಾಟಕದ ಹಂಬಲ ಹತ್ತಿತು. ಓಸ್ಲೋ ನಗರದ ಸರ್ಕಾರಿ ನಾಟ್ಯಶಾಲೆಯ ಪ್ರವೇಶಪರೀಕ್ಷೆಗೆ ಹೋದಾಗ ಆಯ್ಕೆ ಆಗಲಿಲ್ಲ. ಬೆಳೆಯುವ ಸಿರಿ ಮೊಳಕೆಯಲ್ಲೇ ಕಾಣುತ್ತದೆಂದು ಗಾದೆಯೇನೋ ಉಂಟು. ಆದರೆ ಮೊಳಕೆಯನ್ನು ನೋಡಿ ಸಿರಿಯನ್ನು ಗುರುತಿಸುವ ಕಣ್ಣು ಪರೀಕ್ಷಕರಿಗೆ ಯಾವಾಗಲೂ ಇರುತ್ತದೆಂದು ಹೇಳುವಂತಿಲ್ಲ. ಲಿವ್ ಲಂಡನ್ನಿಗೆ ಹೋಗಿ ಕೆಲವು ತಿಂಗಳು ಅಭಿನಯವನ್ನು ಅಭ್ಯಾಸ ಮಾಡಿ ಹಿಂದಿರುಗಿದರು. 1957ರಲ್ಲಿ, ಸ್ತಾವಾಂಗರ್ ಎಂಬ ಕಡಲತೀರದ ಊರಿನ ರೋಗಾಲಾಂಡ್ ನಾಟಕಶಾಲೆಯಲ್ಲಿ, ಆಕೆಯ ರಂಗಪ್ರವೇಶವಾಯಿತು. ವಹಿಸಿದ ಪಾತ್ರ ಆನ್ ಫ್ರಾಂಕ್‌ಳದು. ನಾಟ್ಸಿಗಳಿಗೆ ಹೆದರಿ ಎರಡು ವರ್ಷಕ್ಕೂ ಮಿಕ್ಕಿ ಮನೆಯೊಂದರ ಗುಪ್ತಕೋಣೆಗಳಲ್ಲಿ ಉಸಿರು ಬಿಗಿಹಿಡಿದು ಬದುಕಿ, ಕೊನೆಗೆ ಸೆರೆಸಿಕ್ಕಿ ಶಿಬಿರದಲ್ಲಿ ಸತ್ತ ಯಹೂದಿ ಬಾಲಕಿ ಅವಳು. ಯುದ್ಧ ನುಂಗಿದ ಮಗುವಿನ ಪಾತ್ರವನ್ನು ಯುದ್ಧದಲ್ಲಿ ಮನೆ ಕಳೆದುಕೊಂಡ ಮಗು ವಹಿಸಿದಂತಾಯಿತು.

ಇನ್ನು ನಾರ್ವೆಯ ಚಲಚ್ಚಿತ್ರರಂಗದ ಸ್ಥಿತಿಯನ್ನು ತುಸು ನೋಡೋಣ. 1960ರ ಸುಮಾರಿನಲ್ಲಿ ಆ ದೇಶದ ಜನಸಂಖ್ಯೆ 36 ಲಕ್ಷದಷ್ಟು ಮಾತ್ರ. ಇದರ ಜೊತೆಗೆ ಅಲ್ಲಿನ ಏರ್ಪಾಡೂ ವಿಶಿಷ್ಟವಾದುದು. 1913ರ ಕಾಯಿದೆಯೊಂದು ಚಿತ್ರಪ್ರದರ್ಶನಕ್ಕೆ ಪರವಾನಗಿ ಕೊಡುವ ಅಧಿಕಾರವನ್ನು ಪುರಸಭೆಗಳಿಗೆ ವಹಿಸಿತು. ಕ್ರಮೇಣ ಪುರಸಭೆಗಳು ತಾವೇ ಚಿತ್ರಮಂದಿರಗಳನ್ನು ನಡೆಸತೊಡಗಿದವು. ಟಿಕೆಟ್ಟಿನಿಂದ ಬಂದ ಲಾಭ ಊರಿನ ಲೋಕೋಪಯೋಗಿ ಕಾರ್ಯಗಳಿಗೆ ಸಂದಿತು, ಇದು ಮೆಚ್ಚತಕ್ಕದ್ದೇ. ಆದರೆ ಚಿತ್ರವನ್ನು ತಯಾರಿಸುವವನ ಕೈಗೆ ಬಂಡವಾಳ ಸುಲಭವಾಗಿ ಹಿಂದಿರುಗಲಿಲ್ಲ. ಆದಕಾರಣ ವರ್ಷಕ್ಕೆ ಹತ್ತರ ಆಸುಪಾಸಿನಲ್ಲಿ ಮಾತ್ರ ಚಿತ್ರಗಳು ಹೊರಬೀಳುತ್ತಿದ್ದವು. ಅವುಗಳಲ್ಲಿ ಎಲ್ಲೋ ಒಂದು ದೇಶದ ಗಡಿಯನ್ನು ದಾಟುತ್ತಿತ್ತು. ಜರ್ಮನರ ಕೈಯಿಂದ ಪಾರಾದ ವೀರನೊಬ್ಬನ ಕಥೆಯಾದ, ಆರ್ನೆ ಸ್ಕೋವೆನ್ನರ ‘ಒಂಬತ್ತು ಜೀವ’ (1957) ಅಂಥದು.

ಈ ಪುಟ್ಟ ಅಂಗಳದಲ್ಲಿ ಆಗ ದುಡಿಯುತ್ತಿದ್ದವರಲ್ಲಿ ಎಡಿತ್ ಕಾರ್ಲ್‌ಮಾರ್ ಎಂಬ ಮಹಿಳೆ ಒಬ್ಬರು. 1949ರಲ್ಲಿ ತಮ್ಮ ಮೊದಲ ಚಿತ್ರವನ್ನು ನಿರ್ದೇಶಿಸಿ, ಕಥಾಚಿತ್ರ ನಿರ್ದೇಶಿಸಿದ ನಾರ್ವೆಯ ಮೊದಲ ಮಹಿಳೆ ಎನಿಸಿಕೊಂಡವರು. ಹತ್ತು ವರ್ಷಗಳಲ್ಲಿ ಹತ್ತು ಚಿತ್ರಗಳನ್ನು ಮಾಡಿದವರು. ಅವರ ಕಟ್ಟಕಡೆಯ ಚಿತ್ರ 1959ರ ‘ಉಂಗ್ ಫ್ಲುಕ್ಟ್’, ಎಂದರೆ ಹರೆಯದ ಪಲಾಯನ. ಬೇಸಗೆಯಲ್ಲಿ ಹಳ್ಳಿಯ ಗುಡಿಸಲಿಗೆ ಓಡಿಹೋಗುವ ಪ್ರೇಮಿಗಳ ಕಥೆ ಅದು. ಅದರ ನಾಯಿಕೆಯಾಗಿ ಬಂದವರು ಲಿವ್ ಉಲ್‌ಮನ್. ಆಕೆಗೆ ಮೊದಲ ದೊಡ್ಡ ಪಾತ್ರ ಕೊಟ್ಟವರು ಒಬ್ಬ ಸ್ತ್ರೀ ನಿರ್ದೇಶಕಿ ಎಂಬುದನ್ನು ವಾಚಕರು ನೆನಪಿನಲ್ಲಿಡಬೇಕು. ಮುಂದೆ ಆಕೆಯ ಹೆಸರು ಹೇಳಿದೊಡನೆ ಎಲ್ಲರೂ ಪುರುಷನೊಬ್ಬನ ಹೆಸರನ್ನೇ ಜೊತೆಗೆ ಹೇಳುವಂತಾಯಿತು.

ಇದೇ ಕಾಲದಲ್ಲಿ ಆಕೆ ಓಸ್ಲೋ ನಗರದ ‘ದೆ ನೊರ್ಸ್ಕೆ’ ನಾಟಕಶಾಲೆಯಲ್ಲೂ ಪಳಗಿದರು. ನಾರ್ವೆಯ ಭಾಷೆಗೆ ಎರಡು ಬರಹದ ರೂಪಗಳುಂಟು. ಒಂದು ಪಟ್ಟಣಿಗರದು, ಡೇನಿಷ್ ಭಾಷೆಯ ನೆರಳಿನಲ್ಲಿ ಬೆಳೆದುದು. ಇನ್ನೊಂದು ಹಳ್ಳಿಗಳ ಆಡುನುಡಿಗಳನ್ನು ಸಂಗ್ರಹಿಸಿ ಈವಾರ್ ಓಸೆನ್ ಎಂಬ ವಿದ್ವಾಂಸರು 19ನೆಯ ಶತಮಾನದಲ್ಲಿ ರೂಪಿಸಿದುದು. ಈ ಎರಡನೆಯ ರೂಪದಲ್ಲೇ ನಾಟಕಗಳನ್ನಾಡುವ ಸಂಕಲ್ಪದಿಂದ ಹುಟ್ಟಿದುದು ಆ ನಾಟಕಶಾಲೆ. ನಾಡಿನ ನುಡಿ ಚಿಕ್ಕದು, ಅದರಲ್ಲಿ ಈ ಕವಲು ಇನ್ನೂ ಚಿಕ್ಕದು. ಅಲ್ಲಿ ನಿಂತು ಮಾತಿನ ತೂಕವನ್ನು ಅರಿತ ನಟಿಗೆ ಜಗತ್ತಿನ ಕೀರ್ತಿ ಬಂದುದು ಮಾತೇ ಇಲ್ಲದ ಪಾತ್ರದಿಂದ.

ಅದು ಒದಗಿದ ಬಗೆ ಹೀಗೆ. 1962ರಲ್ಲಿ ಕ್ನೂಟ್ ಹಾಮ್ಸುನ್ನರ ಕಾದಂಬರಿಯೊಂದನ್ನು ಆಧರಿಸಿದ ಚಿತ್ರದಲ್ಲಿ ಲಿವ್ ಅವರಿಗೆ ಸ್ವೀಡನ್ನಿನ ನಟಿ ಬೀಬಿ ಆಂದರ್ಸನ್ನರ ಸ್ನೇಹ ದೊರೆಯಿತು. ಒಮ್ಮೆ ಸ್ಟಾಕ್‌ಹೋಮ್ ನಗರದ ಬೀದಿಯಲ್ಲಿ ಈ ಗೆಳತಿಯರು ಜೊತೆಯಾಗಿರುವುದನ್ನು ಬರ್ಗ್‌ಮನ್ ಕಂಡರು. ಇಬ್ಬರ ಮುಖಗಳಲ್ಲಿ ಏನೋ ಹೋಲಿಕೆ ಇದೆಯೆಂದು ಅವರಿಗೆ ತೋರಿತು. ಆ ಹೋಲಿಕೆಯೇ ಬೀಜವಾಗಿ ‘ಪರ್ಸೋನ’ ಮೊಳೆಯಿತು. ಲ್ಯಾಟಿನ್ ಭಾಷೆಯಲ್ಲಿ ಈ ಪದಕ್ಕೆ ನಟನು ತೊಡುವ ಮೊಗವಾಡ ಎಂದರ್ಥ. ಎಲಿಸಬೆತ್ ಎಂಬ ಪ್ರಸಿದ್ಧ ನಟಿ ‘ಎಲೆಕ್ಟ್ರಾ’ ನಾಟಕದ ನಡುವೆ ಹಠಾತ್ತನೆ ಮಾತು ನಿಲ್ಲಿಸುತ್ತಾಳೆ. ರೋಗವಿಲ್ಲ, ಹುಚ್ಚಿಲ್ಲ, ಅವಳೇ ಆರಿಸಿಕೊಂಡ ಮೌನ ಅದು. ಅವಳನ್ನು ನೋಡಿಕೊಳ್ಳಲು ಆಲ್ಮಾ ಎಂಬ ದಾದಿ ನೇಮಕವಾಗುತ್ತಾಳೆ. ಇಬ್ಬರೂ ಕಡಲತೀರದ ಮನೆಯೊಂದಕ್ಕೆ ಹೋಗುತ್ತಾರೆ. ದಾದಿ ತನ್ನ ಅಂತರಂಗವನ್ನೆಲ್ಲ ತೋಡಿಕೊಳ್ಳುತ್ತಾಳೆ, ಎಲಿಸಬೆತ್ ಕೇಳುತ್ತಾಳೆ. ಇಡೀ ಚಿತ್ರದಲ್ಲಿ ಅವಳಾಡುವ ಮಾತುಗಳನ್ನು ಬೆರಳು ಮಡಿಸಿ ಎಣಿಸಬಹುದು.

ಈ ಅಭಿನಯದ ಮರ್ಮವನ್ನು ತಿಳಿಯಲು ನಮ್ಮ ಭರತಮುನಿಯ ವಿಂಗಡಣೆ ಬಹಳ ಅನುಕೂಲವಾದುದು. ಅಂಗಾಂಗಗಳ ಚಲನೆಯಿಂದಾಗುವುದು ಆಂಗಿಕ, ಮಾತಿನಿಂದಾಗುವುದು ವಾಚಿಕ, ವೇಷಭೂಷಣಗಳಿಂದಾಗುವುದು ಆಹಾರ್ಯ, ಒಳಗಿನ ಭಾವ ತಾನಾಗಿಯೇ ಮೈಮೇಲೆ ಮೂಡುವುದು ಸಾತ್ತ್ವಿಕ. ‘ಪರ್ಸೋನ’ದಲ್ಲಿ ವಾಚಿಕವನ್ನು ಕಿತ್ತುಕೊಂಡಿದ್ದಾರೆ. ಆಹಾರ್ಯ ಎಂಬುದು ಸರಳವಾದ ಉಡುಗೆ, ಹಣೆಗೆ ಬಿಗಿದ ಪಟ್ಟಿ, ಇಷ್ಟರಲ್ಲೇ ಮುಗಿಯಿತು. ಎಷ್ಟೋ ದೃಶ್ಯಗಳಲ್ಲಿ ಆಕೆ ಕುಳಿತಲ್ಲೇ ಕುಳಿತಿರುವುದರಿಂದ ಆಂಗಿಕವೂ ಅಲ್ಪ. ಉಳಿದುದು ಸಾತ್ತ್ವಿಕವೊಂದೇ. ನಾಟಕಶಾಲೆಯಲ್ಲಾದರೆ ಇಂಥ ಸೂಕ್ಷ್ಮ ಭಾವ ಹಿಂದಿನ ಸಾಲಿನವರಿಗೆ ಕಾಣಲಾರದು. ಆದರೆ ಸ್ವೆನ್ ನೀಕ್ವಿಸ್ಟ್ ಎಂಬ ಛಾಯಾಗ್ರಾಹಕರ ಕ್ಯಾಮೆರಾ ಮುಖದ ತೀರ ಸಮೀಪಕ್ಕೆ ಹೋಗಿ ನಿಲ್ಲುತ್ತದೆ. ರೆಪ್ಪೆಯ ಅದುರು, ತುಟಿಯ ಅಂಚಿನ ಬಿಗಿ, ಕರುಣೆಯೋ ಕುತೂಹಲವೋ ಎಂದು ಹೇಳಲಾಗದ ಒಂದು ನೋಟ, ಇವೇ ಅಲ್ಲಿ ಸಂಭಾಷಣೆಯ ಕೆಲಸ ಮಾಡುತ್ತವೆ. ಹತ್ತಿರದ ಕ್ಯಾಮೆರಾ ಸುಳ್ಳನ್ನು ಬಹಳ ಬೇಗ ಹಿಡಿಯುತ್ತದೆ. ‘ಈಗ ದುಃಖ ತೋರಿಸುತ್ತೇನೆ’ ಎಂದು ಹೊರಟ ನಟಿ ಅಲ್ಲಿ ಸಿಕ್ಕಿಬೀಳುತ್ತಾಳೆ. ಲಿವ್ ಉಲ್‌ಮನ್ ತೋರಿಸಲಿಲ್ಲ, ಕೇಳಿಸಿಕೊಂಡರು. ಇನ್ನೊಬ್ಬರ ಮಾತನ್ನು ಮನಸ್ಸಿಟ್ಟು ಕೇಳುವುದೂ ಅಭಿನಯವೇ, ಪ್ರಾಯಶಃ ಅತ್ಯಂತ ಕಠಿನವಾದ ಅಭಿನಯ, ಎಂಬುದನ್ನು ಈ ಚಿತ್ರ ಸಿದ್ಧಪಡಿಸಿ ತೋರಿಸಿತು.

ಆ ಚಿತ್ರೀಕರಣ ನಡೆದ ಫೋರೋ ದ್ವೀಪದಲ್ಲೇ ನಿರ್ದೇಶಕನಿಗೂ ನಟಿಗೂ ಪ್ರೇಮ ಬೆಳೆಯಿತು. 1966ರಲ್ಲಿ ಮಗಳು ಲಿನ್ ಹುಟ್ಟಿದಳು. ಆಕೆ ಮುಂದೆ ನಾರ್ವೆಯ ಹೆಸರಾಂತ ಕಾದಂಬರಿಗಾರ್ತಿಯಾದಳು. ಸಹವಾಸ ಕೆಲವೇ ವರ್ಷಗಳಲ್ಲಿ ಮುಗಿದರೂ ಕೆಲಸ ನಿಲ್ಲಲಿಲ್ಲ. ‘ತೋಳನ ಹೊತ್ತು’ ಮತ್ತು ‘ನಾಚಿಕೆ’ (1968), ‘ಪಿಸುಮಾತು, ಆಕ್ರಂದನ’ (1972), ‘ಮುಖಾಮುಖಿ’ (1976) ಎಂಬರ್ಥದ ಹೆಸರುಗಳುಳ್ಳ ಚಿತ್ರಗಳು ಒಂದರ ಹಿಂದೊಂದು ಬಂದವು. ಇವುಗಳಲ್ಲಿ ‘ನಾಚಿಕೆ’ಯನ್ನು ವಿಶೇಷವಾಗಿ ಹೇಳಬೇಕು. ರಾಜಕೀಯದ ಗೊಡವೆ ಬೇಡವೆಂದು ದ್ವೀಪವೊಂದರಲ್ಲಿ ಬದುಕುತ್ತಿರುವ ಸಂಗೀತಗಾರ ದಂಪತಿಗಳ ಮೇಲೆ ಯುದ್ಧ ಬಂದೆರಗಿ, ಅವರ ಮನೆಯನ್ನಷ್ಟೇ ಅಲ್ಲದೆ ಅವರ ಮನುಷ್ಯತ್ವವನ್ನೂ ಸುಡುವ ಕಥೆ ಅದು. ಕಡಲ ನಡುವೆ ದೋಣಿಯಲ್ಲಿ ನಿರಾಶ್ರಿತಳಾಗಿ ತೇಲುವ ಆ ಹೆಂಡತಿಯ ಪಾತ್ರವನ್ನು ನೋಡುವಾಗ, ಈ ನಟಿಗೆ ನಿರಾಶ್ರಿತರ ಬದುಕು ಪುಸ್ತಕದಿಂದ ಬಂದುದಲ್ಲವೆಂದು ನೆನಪಾಗುತ್ತದೆ.

ಬರ್ಗ್‌ಮನ್ನರಿಲ್ಲದೆ ಈಕೆ ಇಲ್ಲ ಎಂದು ಹೇಳುವವರಿದ್ದಾರೆ. ಅದಕ್ಕೆ ಉತ್ತರ ಯಾನ್ ತ್ರೋಯಲ್ಲರ ‘ವಲಸೆಗಾರರು’ (1971) ಮತ್ತು ‘ಹೊಸ ನಾಡು’ (1972) ಎಂಬ ಜೋಡಿಚಿತ್ರಗಳು. ವಿಲ್ಹೆಲ್ಮ್ ಮೋಬರ್ಗರ ಕಾದಂಬರಿಗಳು ಇವಕ್ಕೆ ಮೂಲ. 19ನೆಯ ಶತಮಾನದ ಮಧ್ಯದಲ್ಲಿ ಸ್ವೀಡನ್ನಿನ ಕಲ್ಲುನೆಲದಿಂದ ಬೆಳೆ ತೆಗೆಯಲಾರದೆ ಅಮೆರಿಕದ ಮಿನಸೋಟ ಪ್ರಾಂತಕ್ಕೆ ಹಡಗು ಹತ್ತಿದ ರೈತಸಂಸಾರದ ಕಥೆ. ಗಂಡ ಕಾರ್ಲ್ ಓಸ್ಕರ್ ಮುಂದಿನ ಹೊಲವನ್ನು ನೋಡುತ್ತಾನೆ. ಹೆಂಡತಿ ಕ್ರಿಸ್ತೀನ ಹಿಂದೆ ಬಿಟ್ಟ ಅಂಗಳವನ್ನು ನೆನೆಯುತ್ತಾಳೆ. ಬಾಣಂತನಗಳ ಮೇಲೆ ಬಾಣಂತನಗಳಾಗಿ ಸವೆದುಹೋಗುವ ಆ ಹೆಣ್ಣಿನ ಪಾತ್ರದಲ್ಲಿ ಒಗಟಿಲ್ಲ, ಮನಶ್ಶಾಸ್ತ್ರವಿಲ್ಲ. ದುಡಿಮೆ, ಭಯ, ಭಕ್ತಿ, ತವರಿನ ಹಂಬಲ, ಇಷ್ಟೇ. ಈ ಪಾತ್ರಕ್ಕಾಗಿ ಹಾಲಿವುಡ್ಡಿನ ಅಕಾಡೆಮಿ ಆಕೆಯ ಹೆಸರನ್ನು ಶ್ರೇಷ್ಠ ನಟಿಯ ಪಾರಿತೋಷಕಕ್ಕೆ ಸೂಚಿಸಿತು. ಮುಂದೆ ‘ಮುಖಾಮುಖಿ’ ಚಿತ್ರಕ್ಕೂ ಅದೇ ಗೌರವ ಬಂದಿತು. ಎರಡು ಸಲವೂ ಪಾರಿತೋಷಕ ಮಾತ್ರ ಬೇರೆಯವರ ಪಾಲಾಯಿತು.

ಹಾಲಿವುಡ್ಡಿನಿಂದ ಆಹ್ವಾನಗಳು ಬಂದವು. ಆಕೆ ಹೋದರು. 1973 ಮತ್ತು 1974ರಲ್ಲಿ ನಾಲ್ಕು ಇಂಗ್ಲಿಷ್ ಚಿತ್ರಗಳು ಸಾಲಾಗಿ ತೆರೆಕಂಡವು. ಆಕೆಯ ಹೆಸರನ್ನು ಯಾವುದೂ ಎತ್ತರಿಸಲಿಲ್ಲ. ಒಂದರಲ್ಲಿ ಹಿಮಾಲಯದ ಕಲ್ಪಿತ ಕಣಿವೆಯಲ್ಲಿ ಹಾಡುವ ಶಾಲಾ ಉಪಾಧ್ಯಾಯಿನಿ. ಇನ್ನೊಂದರಲ್ಲಿ, ತನಗಿನ್ನೂ 34 ವರ್ಷವಿರುವಾಗ, 40 ವರ್ಷದ ನಾಯಿಕೆ. ಕಾರಣವನ್ನು ಊಹಿಸುವುದು ಕಷ್ಟವಲ್ಲ. ಆಕೆಯ ಶಕ್ತಿ ಇದ್ದುದು ನಿಧಾನದಲ್ಲಿ, ಕಾಯುವ ಕ್ಯಾಮೆರಾದ ಎದುರಿನಲ್ಲಿ. ಅಲ್ಲಿನ ಚಿತ್ರಗಳಿಗೆ ಬೇಕಾಗಿದ್ದುದು ವೇಗ ಮತ್ತು ಥಳುಕು.

ಮನೆ ಗೆದ್ದು ಮಾರು ಗೆಲ್ಲು ಎಂಬ ಮಾತನ್ನು ಆಕೆ ಬೇರೊಂದು ರೀತಿಯಲ್ಲಿ ನಿಜಮಾಡಿದರು. 1975ರಲ್ಲಿ ನ್ಯೂಯಾರ್ಕಿನ ರಂಗಕ್ಕೆ ಹೋದಾಗ ತಮ್ಮ ಮನೆಯ ಬುತ್ತಿಯನ್ನೇ ಕಟ್ಟಿಕೊಂಡು ಹೋದರು. ಅದು ನಾರ್ವೆಯ ಮಹಾಕವಿ ಇಬ್ಸನ್ನನ ‘ಬೊಂಬೆಯ ಮನೆ’. 1879ರ ಈ ನಾಟಕದ ಕೊನೆಯಲ್ಲಿ, ಗಂಡನಿಗೆ ಆಟದ ಬೊಂಬೆಯಾಗಿದ್ದ ನೋರಾ ಮೊಟ್ಟಮೊದಲ ಬಾರಿಗೆ ಅವನನ್ನು ಎದುರಿಗೆ ಕೂರಿಸಿಕೊಂಡು ಮಾತನಾಡುತ್ತಾಳೆ. ಬಳಿಕ ಬಾಗಿಲು ಹಾಕಿಕೊಂಡು ಹೊರಟುಹೋಗುತ್ತಾಳೆ. ತೆರೆಯ ಮೇಲೆ ಮೌನಕ್ಕೆ ಹೆಸರಾದವರು ರಂಗದ ಮೇಲೆ ಹೆಣ್ಣಿನ ಈ ದಿಟ್ಟ ನುಡಿಗೆ ಹೆಸರಾದರು. ಅದರ ಮರುವರ್ಷವೇ, 1976ರಲ್ಲಿ, ಆಕೆಯ ಆತ್ಮಕಥನ ‘ಫೊರಾಂದ್ರಿಂಗನ್’ ಎಂದರೆ ‘ಮಾರ್ಪಾಡು’ ಪ್ರಕಟವಾಯಿತು. ಪಾತ್ರಕ್ಕಾಗಿ ಇತರರು ಬರೆದುದನ್ನು ಆಡುತ್ತಿದ್ದವರು ತಾವೇ ಲೇಖನಿ ಹಿಡಿದಿದ್ದರು. ಮಗಳನ್ನು ಮನೆಯಲ್ಲಿ ಬಿಟ್ಟು ಕೆಲಸಕ್ಕೆ ಹೋಗುವ ತಾಯಿಯ ಅಳುಕು ಅದರಲ್ಲಿ ಮುಚ್ಚುಮರೆಯಿಲ್ಲದೆ ಬಂದಿದೆ.

ಅದೇ ಅಳುಕು 1978ರ ‘ಶರತ್ಕಾಲದ ಸೊನಾಟಾ’ ಚಿತ್ರದಲ್ಲಿ ತಲೆಕೆಳಗಾಗಿ ಬಂತು. ಇಲ್ಲಿ ಲಿವ್ ಉಲ್‌ಮನ್ನರದು, ಕೀರ್ತಿಯ ಬೆನ್ನುಹತ್ತಿ ಊರೂರು ತಿರುಗಿದ ಪಿಯಾನೋ ವಾದಕಿ ತಾಯಿಯ ಮಗಳ ಪಾತ್ರ. ತಾಯಿಯಾಗಿ ಇಂಗ್ರಿಡ್ ಬರ್ಗ್‌ಮನ್. ಮಗಳು ಶೋಪ್ಯಾನನ ಚಿಕ್ಕ ಕೃತಿಯೊಂದನ್ನು ನುಡಿಸುತ್ತಾಳೆ. ಅನಂತರ ತಾಯಿ ಕುಳಿತು ‘ಇದನ್ನು ನುಡಿಸಬೇಕಾದುದು ಹೀಗೆ’ ಎಂದು ತೋರಿಸಿಕೊಡುತ್ತಾಳೆ. ಆಗ ಕ್ಯಾಮೆರಾ ನೋಡುವುದು ನುಡಿಸುವ ಬೆರಳುಗಳನ್ನಲ್ಲ. ಪಕ್ಕದಲ್ಲಿ ಕುಳಿತು ತಾಯಿಯನ್ನೇ ದಿಟ್ಟಿಸುವ ಮಗಳ ಮುಖವನ್ನು. ಮೆಚ್ಚುಗೆ, ಅವಮಾನ, ಬಾಲ್ಯದ ಹಸಿವು, ದ್ವೇಷ ಎಲ್ಲವೂ ಆ ಕೆಲವು ನಿಮಿಷಗಳಲ್ಲಿ ಹಾದುಹೋಗುತ್ತವೆ. ರಾತ್ರಿ ಆ ಮಗಳು ಬಾಯಿ ತೆರೆದು ತನ್ನ ದೂರನ್ನೆಲ್ಲ ಹೇಳುವಾಗ ನಮಗೆ ಆಶ್ಚರ್ಯವಾಗುವುದಿಲ್ಲ. ಆ ಮುಖದಲ್ಲಿ ಅದನ್ನು ನಾವು ಮೊದಲೇ ಓದಿರುತ್ತೇವೆ.

1992ರಲ್ಲಿ ‘ಸೋಫಿ’ ಎಂಬ ಚಿತ್ರದೊಡನೆ ಆಕೆ ಕಥಾಚಿತ್ರಗಳ ನಿರ್ದೇಶಕಿಯಾದರು. ನೊಬೆಲ್ ಪಾರಿತೋಷಕ ಪಡೆದ ಸಿಗ್ರಿಡ್ ಉನ್‌ಸೆಟ್ಟರ ಕಾದಂಬರಿಯನ್ನಾಧರಿಸಿದ ‘ಕ್ರಿಸ್ತೀನ್ ಲಾವ್ರಾನ್ಸ್‌ದತ್ತರ್’ 1995ರಲ್ಲಿ ಬಂತು. 2000ದಲ್ಲಿ ಬಂದ ‘ವಿಶ್ವಾಸಘಾತ’ವಂತೂ ಬರ್ಗ್‌ಮನ್ನರೇ ಬರೆದುಕೊಟ್ಟ ಕಥೆ. ಒಂದು ಕಾಲಕ್ಕೆ ಆತ ಕ್ಯಾಮೆರಾದ ಹಿಂದೆ, ಆಕೆ ಮುಂದೆ. ಈಗ ಆತನ ಕಥೆಯನ್ನು ಯಾವ ಕಣ್ಣಿನಿಂದ ನೋಡಬೇಕೆಂದು ತೀರ್ಮಾನಿಸುವ ಹಕ್ಕು ಆಕೆಯದು. ದೊಡ್ಡವರ ಪ್ರೇಮಪ್ರಕರಣದ ನಡುವೆ ಸಿಕ್ಕಿಕೊಂಡ ಪುಟ್ಟ ಹುಡುಗಿಯ ಸಂಕಟವನ್ನು ಆ ಚಿತ್ರ ಮರೆಯಲು ಬಿಡುವುದಿಲ್ಲ.

ಮಕ್ಕಳ ವಿಷಯ ಬಂದುದರಿಂದ ಮತ್ತೊಂದು ಸಂಗತಿಯನ್ನು ಹೇಳಬೇಕು. ‘ಪರ್ಸೋನ’ದ ಒಂದು ದೃಶ್ಯದಲ್ಲಿ ಮೌನಿಯಾದ ಎಲಿಸಬೆತ್ ಒಂದು ಛಾಯಾಚಿತ್ರವನ್ನು ನೋಡುತ್ತಾಳೆ. ವಾರ್ಸಾ ನಗರದ ಯಹೂದಿ ಕೇರಿಯಲ್ಲಿ ಬಂದೂಕುಗಳ ಮುಂದೆ ಎರಡೂ ಕೈಗಳನ್ನೆತ್ತಿ ನಿಂತಿರುವ ಪುಟ್ಟ ಹುಡುಗನ ಚಿತ್ರ ಅದು, 1943ರದು, ಲೋಕಪ್ರಸಿದ್ಧವಾದುದು. ಪಾತ್ರ ಅದನ್ನು ನೋಡುತ್ತದೆ, ಏನೂ ಹೇಳುವುದಿಲ್ಲ. ಪಾತ್ರ ಹೇಳದೆ ಬಿಟ್ಟುದನ್ನು ನಟಿ ಹೇಳಿದರು. 1980ರಲ್ಲಿ ವಿಶ್ವಸಂಸ್ಥೆಯ ಮಕ್ಕಳ ನಿಧಿಯಾದ ಯೂನಿಸೆಫ್ ಆಕೆಯನ್ನು ಸದ್ಭಾವನಾ ರಾಯಭಾರಿಯನ್ನಾಗಿ ನೇಮಿಸಿತು. ಆ ಗೌರವ ಪಡೆದ ಮೊದಲ ಮಹಿಳೆ ಆಕೆಯೇ. ಬರ ಮತ್ತು ಯುದ್ಧಗಳ ನಾಡುಗಳಿಗೆ ಹೋಗಿ, ಕಂಡುದನ್ನು ಅನುಕೂಲಸ್ಥ ದೇಶಗಳ ಸಭೆಗಳಲ್ಲಿ ನಿಂತು ಹೇಳಿದರು. 1989ರಲ್ಲಿ ನಿರಾಶ್ರಿತ ಸ್ತ್ರೀಯರ ಮತ್ತು ಮಕ್ಕಳ ಹಿತಕ್ಕಾಗಿ ಸಂಸ್ಥೆಯೊಂದನ್ನು ಕಟ್ಟುವುದರಲ್ಲಿ ಕೈಜೋಡಿಸಿದರು. ‘ಪುಟ್ಟ ನಾರ್ವೆ’ಯ ಬಾಲಕಿ ಪಡೆದ ಆಶ್ರಯದ ಋಣ ಈ ರೀತಿ ಸಂದಾಯವಾಯಿತೆಂದು ಭಾವಿಸಿದರೆ ತಪ್ಪಾಗಲಾರದು.

2003ರಲ್ಲಿ ‘ಸಾರಾಬಾಂದ್’ ಎಂಬ ಕೃತಿಗಾಗಿ ನಟಿಯೂ ನಿರ್ದೇಶಕನೂ ಮತ್ತೆ ಕೂಡಿದರು. ಮೂವತ್ತು ವರ್ಷಗಳ ಹಿಂದೆ ಸ್ವೀಡನ್ನಿನ ದೂರದರ್ಶನದಲ್ಲಿ ಆರು ಭಾಗಗಳಾಗಿ ಪ್ರಸಾರವಾಗಿದ್ದ ‘ದಾಂಪತ್ಯದ ದೃಶ್ಯಗಳು’ ಎಂಬ ಕಥೆಯ ಗಂಡಹೆಂಡಿರು ಇಲ್ಲಿ ಮುದುಕರಾಗಿ ಭೇಟಿಯಾಗುತ್ತಾರೆ. ಅದೇ ಬರ್ಗ್‌ಮನ್ನರ ಕೊನೆಯ ಚಿತ್ರವಾಯಿತು. 2007ರಲ್ಲಿ ಅವರು ಫೋರೋ ದ್ವೀಪದಲ್ಲೇ ತೀರಿಕೊಂಡರು. ಇವರಿಬ್ಬರ ನಂಟನ್ನು ಕುರಿತು 2012ರಲ್ಲಿ ‘ಲಿವ್ ಮತ್ತು ಇಂಗ್ಮಾರ್’ ಎಂಬ ಸಾಕ್ಷ್ಯಚಿತ್ರವನ್ನು ತಯಾರಿಸಿದವರು ನಮ್ಮ ದೇಶದವರೇ ಆದ ಧೀರಜ್ ಅಕೋಲ್ಕರ್ ಎಂಬುದು ನಮಗೆ ಸಂತೋಷದ ವಿಷಯ. ಆತನೇ 2023ರಲ್ಲಿ ಆಕೆಯ ಇಡೀ ಜೀವನವನ್ನು ಕುರಿತು ಇನ್ನೊಂದು ಚಿತ್ರವನ್ನು ಮಾಡಿದ್ದಾರೆ. ಎರಡು ಸಲ ಕೈತಪ್ಪಿದ ಅಕಾಡೆಮಿಯ ಪಾರಿತೋಷಕ 2022ರಲ್ಲಿ, ಆಕೆಯ 83ನೆಯ ವಯಸ್ಸಿನಲ್ಲಿ, ಜೀವಮಾನದ ಸಾಧನೆಗಾಗಿ ಗೌರವಪೂರ್ವಕವಾಗಿ ಬಂದು ಸೇರಿತು.

ಈಗ ಇಂಥ ಚಿತ್ರಗಳನ್ನು ಮನೆಯಲ್ಲೇ ಕುಳಿತು ನೋಡುವ ಸೌಕರ್ಯ ಅನೇಕರಿಗೆ ಒದಗಿದೆ. ಹೊಸದಾಗಿ ನೋಡುವವರು ‘ಪರ್ಸೋನ’ದಿಂದ ಪ್ರಾರಂಭಿಸದಿರುವುದು ಒಳ್ಳೆಯದು, ಅದರ ಕಟ್ಟಡ ತೊಡಕಿನದು. ಮೊದಲು ‘ವಲಸೆಗಾರರು’ ನೋಡಿ, ಅನಂತರ ‘ಶರತ್ಕಾಲದ ಸೊನಾಟಾ’ ನೋಡಿ, ಆಮೇಲೆ ‘ಪರ್ಸೋನ’ಕ್ಕೆ ಬರಬಹುದು. ಭಾಷೆ ತಿಳಿಯದೆಂದು ಹಿಂಜರಿಯಬೇಕಾದುದಿಲ್ಲ. ತೆರೆಯ ಅಡಿಯಲ್ಲಿ ಮೂಡುವ ಅಕ್ಷರಗಳ ಮೇಲಿಂದ ಆಗಾಗ ಕಣ್ಣನ್ನು ಮೇಲೆತ್ತಿ, ಮಾತನಾಡುವವರನ್ನು ಬಿಟ್ಟು, ಕೇಳುತ್ತಿರುವ ಆ ಹೆಣ್ಣಿನ ಮುಖವನ್ನು ನೋಡಬೇಕು. ಕಥೆಯ ಸಾರ ಹೆಚ್ಚಾಗಿ ಅಲ್ಲಿ ಇರುತ್ತದೆ.